ಅಚ್ಚಿನ ಮನೆಗೆ ಬೆಂಕಿ ಬಿದ್ದರೆ ಓದುಗನಿಗೂ ಬಿಸಿ ತಟ್ಟಬೇಕು!



ನಾನು ದೊಡ್ಡ ಬರಹಗಾರನಲ್ಲ. ಪಿಯುಸಿ ಮುಗಿಸಿ ಪ್ರೆಸ್ಸಿಗೆ ಸೇರಿದೆ, ಇಂದು ಅದೇ ಪ್ರೆಸ್ಸಿನ ಮಾಲೀಕ. ಯಾವುದಾದರೂ ಚುನಾವಣೆ ಕರಪತ್ರ ತೆಗೆದು ನೋಡಿ. ಕೆಳಗೆ ಸಣ್ಣ ಅಕ್ಷರದಲ್ಲಿ ಮುದ್ರಕನ ಹೆಸರಿರುತ್ತದೆ. ನೀವು ಅದನ್ನು ಓದುವುದಿಲ್ಲ. ಆದರೆ ಅಧಿಕಾರದ ಮದವೇರಿದವರು ಮೊದಲು ಓದುವುದೇ ಅದನ್ನು!

ನಂಬಿಕೆ ಬಾರದೇ? ಪಕ್ಕದ ಶ್ರೀಲಂಕಾದ ಕಥೆ ಕೇಳಿ.

2008ರ ಮಾರ್ಚ್. ಕೊಲಂಬೊದಲ್ಲಿ ಒಬ್ಬ ಪ್ರೆಸ್ ಮಾಲೀಕನನ್ನೂ ಅವನ ಹೆಂಡತಿಯನ್ನೂ ಭಯೋತ್ಪಾದನಾ ತನಿಖೆಯ ಪೊಲೀಸರು ಎಳೆದೊಯ್ದರು. ಅವರನ್ನು ಯಾಕೆ ಹಿಡಿದಿರಿ ಎಂದು ಕೇಳಲು ಮರುದಿನ ಹೋದವರು ಪತ್ರಕರ್ತ ಜೆ. ಎಸ್. ತಿಸ್ಸನಾಯಗಂ. ಕೇಳಲು ಹೋದವರನ್ನೇ ಒಳಗೆ ಹಾಕಿದರು! ಒಂದು ಸಣ್ಣ ಮಾಸಪತ್ರಿಕೆಯಲ್ಲಿ ತಮಿಳು ಜನರ ಮೇಲೆ ಸೇನೆ ನಡೆಸಿದ ದಬ್ಬಾಳಿಕೆಯ ಬಗ್ಗೆ ಬರೆದದ್ದೇ ಅವರ ಅಪರಾಧ. 1979ರ ಭಯೋತ್ಪಾದನಾ ತಡೆ ಕಾಯ್ದೆಯಡಿ 2009ರ ಆಗಸ್ಟ್ 31ರಂದು ಅವರಿಗೆ 20 ವರ್ಷ ಕಠಿಣ ಶಿಕ್ಷೆ. ಜಗತ್ತೆಲ್ಲ ಬೊಬ್ಬೆ ಹೊಡೆದ ಮೇಲೆ 2010ರಲ್ಲಿ ಜಾಮೀನು, ಆಮೇಲೆ ಕ್ಷಮಾದಾನ. ಆ ಪ್ರೆಸ್ ದಂಪತಿ ಒಂದೂವರೆ ವರ್ಷ ಜೈಲಿನಲ್ಲಿ ಕೊಳೆತರು. ಕಡೆಗೆ ಸರ್ಕಾರವೇ ಕೇಸು ಹಿಂತೆಗೆದುಕೊಂಡಿತು. ಹೋದ ದಿನಗಳನ್ನು ಹಿಂದಕ್ಕೆ ಕೊಡುವವರು ಯಾರು?

"ಅವರು ತಮಿಳರು ತಾನೇ, ನಮಗೇನು?" ಎನ್ನುವ ತಮ್ಮಂದಿರೂ ನಮ್ಮಲ್ಲಿದ್ದಾರೆ. ಹಾಗಾದರೆ ಲಸಂತ ವಿಕ್ರಮತುಂಗ ಯಾರು? ಅಪ್ಪಟ ಸಿಂಹಳೀಯ. 1994ರಲ್ಲಿ ಅಣ್ಣನ ಜೊತೆ ಸೇರಿ 'ಸಂಡೇ ಲೀಡರ್' ವಾರಪತ್ರಿಕೆ ಕಟ್ಟಿದವರು. ಯಾವ ಪಕ್ಷ ಗದ್ದುಗೆ ಏರಿದರೂ ಅದರ ಹಗರಣ ಬಯಲಿಗೆಳೆದವರು. 1998ರಲ್ಲಿ ಅವರ ಮನೆಯ ಮೇಲೆ ಗುಂಡು ಹಾರಿಸಿದರು. 2000ದಲ್ಲಿ ಸರ್ಕಾರ ಅವರ ಪ್ರೆಸ್ಸಿಗೆ ಬೀಗಮುದ್ರೆ ಜಡಿಯಿತು, ಸುಪ್ರೀಂ ಕೋರ್ಟು ತೆಗೆಸಿತು. 2007ರ ನವೆಂಬರ್‌ನ ಒಂದು ನಡುರಾತ್ರಿ ಮುಸುಕುಧಾರಿಗಳು ರತ್ಮಲಾನದ ಆ ಪ್ರೆಸ್ಸಿಗೆ ನುಗ್ಗಿ ಮಷೀನುಗಳಿಗೆ ಬೆಂಕಿ ಇಟ್ಟರು. ಅದು ಬಿಗಿ ಭದ್ರತೆಯ ವಲಯ! ಅಲ್ಲಿಗೆ ಬಂದೂಕು ಹಿಡಿದ ಪುಂಡರು ಬಂದದ್ದಾದರೂ ಹೇಗೆ? ನೀವೇ ಊಹಿಸಿ.

ಲಸಂತ ಜಗ್ಗಲಿಲ್ಲ. 2009ರ ಜನವರಿ 8ರಂದು, ಕಚೇರಿಗೆ ಹೊರಟವರನ್ನು ಬೈಕುಗಳಲ್ಲಿ ಬಂದವರು ಹಾಡಹಗಲೇ ಕೊಂದರು. ಮೂರು ದಿನದ ಮೇಲೆ ಅವರ ಹೆಸರಿನಲ್ಲೇ ಸಂಪಾದಕೀಯ ಅಚ್ಚಾಯಿತು. ನನ್ನನ್ನು ಕೊಂದರೆ ಕೊಲ್ಲುವುದು ಸರ್ಕಾರವೇ ಎಂಬುದು ಅದರ ತಿರುಳು. ಆ ಕೊಲೆಗೆ ಇವತ್ತಿಗೂ ಯಾರಿಗೂ ಶಿಕ್ಷೆಯಾಗಿಲ್ಲ.

ಆಗ ಯುದ್ಧ ನಡೆಯುತ್ತಿತ್ತು ಎಂಬ ನೆಪವೇ? ಯುದ್ಧ 2009ರ ಮೇನಲ್ಲೇ ಮುಗಿಯಿತು. ಜಾಫ್ನಾದ ತಮಿಳು ದಿನಪತ್ರಿಕೆ 'ಉದಯನ್' ಕಚೇರಿಗೆ 2006ರಲ್ಲಿ ನುಗ್ಗಿ ಇಬ್ಬರು ನೌಕರರನ್ನು ಕೊಂದಿದ್ದರು. 2013ರ ಏಪ್ರಿಲ್‌ನಲ್ಲಿ ಮತ್ತೆ ಬಂದು ಅದರ ಮಷೀನನ್ನೂ ಸುಟ್ಟರು. ಹುಲಿಗಳೇನು ಸಾಧುಗಳಾಗಿದ್ದರೇ? ಎದುರು ಮಾತಾಡಿದ ತಮಿಳರನ್ನು ಅವರೂ ಬಾಳಗೊಡಲಿಲ್ಲ. ಬಂದೂಕು ಯಾರ ಕೈಯಲ್ಲಿದ್ದರೂ ಅದು ಮಾತೃಭಾಷೆ ಕೇಳುವುದಿಲ್ಲ, ಬಂಧುಗಳೇ. ಸತ್ಯ ಯಾವ ಭಾಷೆಯಲ್ಲಿ ಅಚ್ಚಾದರೂ ಅದಕ್ಕೆ ಉರಿ!

ಈಗ ನನ್ನ ಮಾತು. ಕೆಲವು ವರ್ಷಗಳ ಹಿಂದೆ ಬಡಾವಣೆಯ ಹುಡುಗರು ಚರಂಡಿ ಗುತ್ತಿಗೆಯ ಗೋಲ್‌ಮಾಲ್ ಬಗ್ಗೆ ಸಾವಿರ ಕರಪತ್ರಕ್ಕೆ ಆರ್ಡರ್ ಕೊಟ್ಟರು. ಪ್ರೂಫ್ ತಿದ್ದಿ ಆಗಿತ್ತು. ಸಂಜೆ ಇಬ್ಬರು ಬಂದರು. ಬೈಯಲಿಲ್ಲ, ಹೊಡೆಯಲಿಲ್ಲ. ಮಷೀನಿನ ಮೇಲೆ ಕೈಯಾಡಿಸಿ, "ಸಾಲ ಎಷ್ಟಿದೆ ಸಾರ್ ಇದರ ಮೇಲೆ?" ಎಂದರು. ನಾನು ಅಡ್ವಾನ್ಸ್ ವಾಪಸ್ ಕೊಟ್ಟೆ. ಹೌದು, ಹೆದರಿದೆ. ಆ ಹುಡುಗರು ಏನೂ ಅನ್ನದೆ ಮೆಟ್ಟಿಲಿಳಿದು ಹೋದದ್ದು ಇಂದಿಗೂ ಕಣ್ಣಿಗೆ ಕಟ್ಟಿದೆ. ಇಬ್ಬರು ಪುಡಿ ರೌಡಿಗಳಿಗೇ ನಾನು ಬಾಗಿದೆ. ಸುಟ್ಟು ಹೋದ ಪ್ರೆಸ್ಸಿನ ಪತ್ರಿಕೆಯನ್ನು ಮತ್ತೆ ಹೊರತಂದ ಲಸಂತರ ಎದೆ ಎಂಥದ್ದಿರಬೇಕು!

ಪತ್ರಕರ್ತನನ್ನು ಕೊಲ್ಲಲು ಯಾವಾಗಲೂ ಗುಂಡೇ ಬೇಕಿಲ್ಲ. ಮುದ್ರಕ ಹೆದರಿದರೆ ಸಾಕು, ಮಾರುವವನು ಕಟ್ಟು ಬಿಚ್ಚದಿದ್ದರೆ ಸಾಕು, ಓದುಗ "ನಮಗ್ಯಾಕೆ" ಎಂದರೆ ಸಾಕು. ಲಸಂತ ಕೊಲೆಯಾದಾಗ ರಕ್ಷಣಾ ಕಾರ್ಯದರ್ಶಿಯಾಗಿದ್ದ ಗೋಟಬಯ ರಾಜಪಕ್ಸ 2019ರಲ್ಲಿ ಅಧ್ಯಕ್ಷರೇ ಆದರು. 2022ರ ಜುಲೈನಲ್ಲಿ ಅದೇ ಜನ ಬೀದಿಗಿಳಿದಾಗ ದೇಶ ಬಿಟ್ಟು ಓಡಿದರು. ಆ ಸಿಟ್ಟು 2009ರಲ್ಲೇ ಬಂದಿದ್ದರೆ?

ಸತ್ಯ ಬರೆಯುವ ಪತ್ರಿಕೆಯನ್ನು ಕಾಸು ಕೊಟ್ಟು ಕೊಳ್ಳಿ. ಅದರ ಬಾಗಿಲಿಗೆ ಪುಂಡರು ಬಂದ ದಿನ ನೀವೂ ಬಂದು ನಿಲ್ಲಿ. ಆ ಸಂಜೆ ನನ್ನ ಪ್ರೆಸ್ಸಿನ ಮುಂದೆ ಹತ್ತು ಜನ ನಿಂತಿದ್ದರೆ ಆ ಕರಪತ್ರ ಅಚ್ಚಾಗುತ್ತಿತ್ತು. ಮುಂದಿನ ಸಲ ಅಚ್ಚಾಗಲೇಬೇಕು!