ನಂಜುಂಡನ ಊರಿನ ತರಕಾರಿ, ನಮ್ಮ ಮನೆಯ ಬೋಗುಣಿ

ತರಕಾರಿಯನ್ನು ಯಾವ ನೀರಿನಲ್ಲಿ ತೊಳೆದರೆ ‘ಔಷಧಿ’ ಹೋಗುತ್ತದೆ? ಕಾಡು, ನದಿ, ಅಣೆಕಟ್ಟುಗಳ ಚರ್ಚೆಗೆಂದು ಕರೆದ ಸಭೆಗಳಲ್ಲಿಯೂ ಕೊನೆಗೆ ಯಾರಾದರೊಬ್ಬ ತಾಯಿ ಎದ್ದು ನಿಂತು ಕೇಳುವ ಪ್ರಶ್ನೆ ಇದು. ಚಳವಳಿಯ ದೊಡ್ಡ ಮಾತುಗಳ ನಡುವೆ ಇದು ಚಿಕ್ಕದೆಂದು ತೋರಬಹುದು. ಆದರೆ ಮಗುವಿನ ತಟ್ಟೆಗೆ ಏನನ್ನು ಬಡಿಸುತ್ತಿದ್ದೇನೆ ಎಂಬ ಆತಂಕಕ್ಕಿಂತ ಹತ್ತಿರದ ಪರಿಸರ ಪ್ರಶ್ನೆ ಇನ್ನಾವುದಿದೆ? ಆದ್ದರಿಂದ ಈ ಸಂಚಿಕೆಯಲ್ಲಿ ಅದಕ್ಕೆ ನೇರವಾಗಿಯೇ ಉತ್ತರಿಸಬಯಸುತ್ತೇವೆ. ಆ ಉತ್ತರ ಎಲ್ಲಿಯವರೆಗೆ ಸಲ್ಲುತ್ತದೆ, ಅದರಾಚೆ ಏನು ಉಳಿಯುತ್ತದೆ ಎಂಬುದನ್ನೂ ಹೇಳಬೇಕಾಗಿದೆ.

ನಮ್ಮ ಗುಡ್ಡಗಾಡಿನ ಸಂತೆಗಳಿಗೆ, ವಿಶೇಷವಾಗಿ ಮಳೆಗಾಲದಲ್ಲಿ, ತರಕಾರಿ ಏರಿ ಬರುವುದು ಮೈಸೂರಿನ ಬಯಲಿನಿಂದ. ನಂಜನಗೂಡು ಮತ್ತು ತಿರುಮಕೂಡಲು ನರಸೀಪುರ ತಾಲ್ಲೂಕುಗಳಲ್ಲಿ ಕಬಿನಿ, ವರುಣಾ ನಾಲೆಗಳ ನೀರು ಹರಿದೆಡೆ ಬತ್ತ, ಕಬ್ಬು, ಬಾಳೆ. ಕೊಳವೆಬಾವಿ ಇದ್ದೆಡೆ ಟೊಮೇಟೊ, ಬದನೆ, ಹುರುಳಿಕಾಯಿ, ಸೌತೆ, ಹೀರೆ. ಆ ಹೊಲಗಳ ಪಕ್ಕದಲ್ಲಿ ಹರಿಯುವ ನೀರು ಇಳಿದು ಹೋದದ್ದು ಘಟ್ಟದಿಂದಲೇ. ಕೊಡಗಿನಲ್ಲಿ ಹುಟ್ಟಿದ ಕಾವೇರಿ, ವಯನಾಡಿನಲ್ಲಿ ಹುಟ್ಟಿದ ಕಪಿಲೆ ಎರಡೂ ಕೂಡುವುದು ತಿ. ನರಸೀಪುರದ ಸಂಗಮದಲ್ಲಿ. ಮೇಲಿನವರು ನೀರು ಕಳಿಸುತ್ತೇವೆ, ಕೆಳಗಿನವರು ಕಾಯಿಪಲ್ಲೆ ಕಳಿಸುತ್ತಾರೆ. ಈ ಕೊಡುಕೊಳೆಯ ನಡುವೆ ವಿಷ ಹೇಗೆ ಸೇರಿತೆಂಬುದು ಎರಡೂ ಕಡೆಯವರು ಕೂಡಿ ಕೇಳಬೇಕಾದ ಪ್ರಶ್ನೆ.

ಮೊದಲಿಗೆ ಪ್ರಮಾಣದ ಮಾತು. ಸಂಗಮದಲ್ಲಿರುವ ಗುಂಜಾ ನರಸಿಂಹನ ಕ್ಷೇತ್ರ ಕಾಶಿಗಿಂತ ಒಂದು ಗುಲಗಂಜಿ ತೂಕ ಹೆಚ್ಚು ಎಂಬುದು ಅಲ್ಲಿನ ಜನರ ನಂಬಿಕೆ. ಗುಲಗಂಜಿಯ ತೂಕ ಸುಮಾರು 120 ಮಿಲಿಗ್ರಾಂ. ಬೇರೆ ಮಿತಿ ಗೊತ್ತುಪಡಿಸದ ಪೀಡೆನಾಶಕಗಳಿಗೆ ನಮ್ಮ ಆಹಾರ ಸುರಕ್ಷತಾ ನಿಯಮಗಳು ತರಕಾರಿಯಲ್ಲಿ ಸಾಮಾನ್ಯವಾಗಿ ಒಪ್ಪುವ ಗರಿಷ್ಠ ಉಳಿಕೆ ಕಿಲೋಗೆ 0.01 ಮಿಲಿಗ್ರಾಂ. ಲೆಕ್ಕ ಹಾಕಿದರೆ, ಒಂದು ಗುಲಗಂಜಿ ತೂಕದ ವಿಷ 12 ಟನ್ ತರಕಾರಿಯನ್ನು, ಅಂದರೆ ದೊಡ್ಡದೊಂದು ಲಾರಿಯ ಹೊರೆಯನ್ನು, ಆ ಮಿತಿಯ ಅಂಚಿಗೆ ತಂದು ನಿಲ್ಲಿಸಬಲ್ಲದು. ಕಣ್ಣಿಗೆ ಕಾಣದ, ಮೂಗಿಗೆ ತಿಳಿಯದ ಇಷ್ಟು ಅಲ್ಪ ವಸ್ತುವಿನೊಡನೆ ನಮ್ಮ ಅಡುಗೆಮನೆ ಸೆಣಸಬೇಕಾಗಿದೆ.

ಹಾಗಾದರೆ ತೊಳೆಯುವುದರಿಂದ ಪ್ರಯೋಜನವಿದೆಯೇ? ಖಂಡಿತ ಇದೆ. ಅಮೆರಿಕದ ಕನೆಕ್ಟಿಕಟ್ ಕೃಷಿ ಪ್ರಯೋಗ ಕೇಂದ್ರದ ವಿಜ್ಞಾನಿಗಳು 2000ದಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಬರಿಯ ನಲ್ಲಿ ನೀರಿನಲ್ಲಿ ತೊಳೆದಾಗ 12 ಪೀಡೆನಾಶಕಗಳ ಪೈಕಿ 9ರ ಉಳಿಕೆ ಗಣನೀಯವಾಗಿ ಇಳಿಯಿತು. ಅವು ನೀರಿನಲ್ಲಿ ಎಷ್ಟು ಕರಗುತ್ತವೆ ಎಂಬುದಕ್ಕೂ ಎಷ್ಟು ತೊಲಗಿದವು ಎಂಬುದಕ್ಕೂ ಸಂಬಂಧ ಕಾಣಲಿಲ್ಲ. ಅಂದರೆ ಕೆಲಸ ಮಾಡಿದ್ದು ಹರಿಯುವ ನೀರಿನ ರಭಸ ಮತ್ತು ಉಜ್ಜುವಿಕೆ. ಇಳಿಯದೆ ಉಳಿದ ಮೂರರಲ್ಲಿ ಕ್ಲೋರ್‌ಪೈರಿಫಾಸ್ ಒಂದು. ಅದು ನಮ್ಮ ರೈತರಿಗೆ ಚಿರಪರಿಚಿತ ಹೆಸರು.

ಮನೆಯಲ್ಲೇ ಮಾಡಿಕೊಳ್ಳುವ ದ್ರಾವಣಗಳಲ್ಲಿ ಅಡುಗೆ ಸೋಡಾಗೆ ಒಳ್ಳೆಯ ಆಧಾರವಿದೆ. ಮ್ಯಾಸಚೂಸೆಟ್ಸ್ ವಿಶ್ವವಿದ್ಯಾಲಯದ ಸಂಶೋಧಕರು 2017ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಒಂದು ಲೀಟರಿಗೆ 10 ಗ್ರಾಂ ಸೋಡಾ ಬೆರೆಸಿದ ನೀರು ಸೇಬಿನ ಮೇಲ್ಮೈಯಲ್ಲಿದ್ದ ಥಯಾಬೆಂಡಜೋಲ್ ಎಂಬ ಶಿಲೀಂಧ್ರನಾಶಕವನ್ನು 12 ನಿಮಿಷಗಳಲ್ಲಿಯೂ ಫಾಸ್ಮೆಟ್ ಎಂಬ ಕೀಟನಾಶಕವನ್ನು 15 ನಿಮಿಷಗಳಲ್ಲಿಯೂ ಪೂರ್ಣವಾಗಿ ತೊಡೆಯಿತು. ಸೋಡಾ ನೀರಿನ ಕ್ಷಾರಗುಣ ಅಂಥ ರಾಸಾಯನಿಕಗಳನ್ನು ಒಡೆಯುತ್ತದೆ. ಇದು ಎರಡು ರಾಸಾಯನಿಕಗಳ, ಒಂದೇ ಹಣ್ಣಿನ ಮೇಲಿನ ಫಲಿತಾಂಶ; ಬದನೆಗೂ ಮೆಣಸಿನಕಾಯಿಗೂ ಹಾಗೆಯೇ ಅನ್ವಯಿಸಲಾಗದು. ಆದರೂ ಅಗ್ಗದ, ಅಪಾಯವಿಲ್ಲದ ಉಪಾಯವಾದ್ದರಿಂದ ಅನುಸರಿಸಲು ಯೋಗ್ಯ.

ಕ್ರಮ ಹೀಗಿರಲಿ. ಕತ್ತರಿಸುವ ಮುನ್ನವೇ ತೊಳೆಯಬೇಕು. ಕತ್ತರಿಸಿದ ಮೇಲೆ ತೊಳೆದರೆ ಹೊರಗಿನದು ಒಳಗಿಳಿಯುತ್ತದೆ, ಸತ್ವ ಹೊರಗೆ ಹರಿಯುತ್ತದೆ. ಮೊದಲು ಹರಿಯುವ ನೀರಿನಲ್ಲಿ ಅಂಗೈಯಿಂದ ಚೆನ್ನಾಗಿ ಉಜ್ಜಿರಿ. ಬಳಿಕ ಅಗಲವಾದ ಬೋಗುಣಿಯಲ್ಲಿ ಲೀಟರಿಗೆ ಮಟ್ಟಸವಾದ ಎರಡು ಟೀ ಚಮಚ ಅಡುಗೆ ಸೋಡಾ ಕರಗಿಸಿ ಕಾಲು ಗಂಟೆ ಮುಳುಗಿಸಿಡಿ. ಕೊನೆಗೆ ಶುದ್ಧ ನೀರಿನಲ್ಲಿ ಮತ್ತೆ ಜಾಲಿಸಿ. ಸೊಪ್ಪಿನ ಕಟ್ಟು ಬಿಚ್ಚಿ, ಬೇರು ಕತ್ತರಿಸಿ, ತುಂಬಿದ ನೀರಿನಲ್ಲಿ ಅದ್ದಿ ಮೇಲೆತ್ತಬೇಕು. ನೀರನ್ನು ಬಸಿದರೆ ತಳಕ್ಕಿಳಿದ ಮಣ್ಣು ಮತ್ತೆ ಸೊಪ್ಪಿಗೇ ಹತ್ತುತ್ತದೆ. ಕರಿಬೇವು, ಕೊತ್ತಂಬರಿಗಳಿಗೆ ಹುಣಸೆ ನೀರು ಒಳ್ಳೆಯದು. ಲೀಟರಿಗೆ 20 ಗ್ರಾಂ ಹುಣಸೆಹಣ್ಣು ಕಿವುಚಿ ಸೋಸಿದರಾಯಿತು. ಹೂಕೋಸನ್ನು ಬಿಡಿಸಿ ಉಗುರುಬೆಚ್ಚಗಿನ ಉಪ್ಪುನೀರಿನಲ್ಲಿಟ್ಟರೆ ಹುಳುಗಳು ಹೊರಬರುತ್ತವೆ. ಬದನೆಯ ತೊಟ್ಟಿನ ಟೋಪಿಯಡಿ ಸಿಂಪಡಿಸಿದ್ದು ಸೇರಿಕೊಂಡಿರುತ್ತದೆ, ಅದನ್ನು ತೆಗೆದುಹಾಕಿ. ಸೌತೆ, ಹೀರೆಗಳ ಸಿಪ್ಪೆ ಹೆರೆಯುವುದು ತೊಳೆಯುವುದಕ್ಕಿಂತಲೂ ಪರಿಣಾಮಕಾರಿ.

ಎರಡು ಎಚ್ಚರಿಕೆಗಳು. ಸೋಡಾ, ಹುಣಸೆ, ನಿಂಬೆ, ವಿನೆಗರ್ ಎಲ್ಲವನ್ನೂ ಒಟ್ಟಿಗೆ ಸುರಿದು ನೊರೆ ಬರಿಸುವ ಪಾಕವಿಧಾನಗಳು ಬಾಯಿಂದ ಬಾಯಿಗೆ ಹರಿದಾಡುತ್ತಿವೆ. ಕ್ಷಾರವೂ ಹುಳಿಯೂ ಸೇರಿದರೆ ಒಂದನ್ನೊಂದು ಕೊಲ್ಲುತ್ತವೆ. ನೊರೆ ಎದ್ದದ್ದಷ್ಟೇ ಲಾಭ. ಇನ್ನು ಪಾತ್ರೆ ತೊಳೆಯುವ ಸೋಪು, ಮಾರ್ಜಕಗಳನ್ನು ತರಕಾರಿಗೆ ಮುಟ್ಟಿಸಲೇಬಾರದು. ಕೋವಿಡ್ ಕಾಲದ ಭಯದಲ್ಲಿ ಅನೇಕ ಮನೆಗಳು ಆ ದಾರಿ ಹಿಡಿದಾಗ 2020ರಲ್ಲಿ ದೇಶದ ಆಹಾರ ಸುರಕ್ಷತಾ ಪ್ರಾಧಿಕಾರವೇ ಸೋಪು ಬೇಡವೆಂದು ಹೇಳಬೇಕಾಯಿತು. ಪೇಟೆಯ ಬಾಟಲಿ ದ್ರಾವಣಗಳಿಗೆ ದುಡ್ಡು ಸುರಿಯುವ ಅಗತ್ಯವನ್ನೂ ನಾವು ಕಾಣೆವು. ಕನೆಕ್ಟಿಕಟ್‌ನ ವಿಜ್ಞಾನಿಗಳು ಅಂಥ ದ್ರಾವಣಗಳನ್ನು ಪರೀಕ್ಷಿಸಿದಾಗ ಅವು ಬರಿಯ ನೀರಿಗಿಂತ ಹೆಚ್ಚಿನದೇನನ್ನೂ ಸಾಧಿಸಲಿಲ್ಲ.

ಇಷ್ಟು ಬೋಗುಣಿಯ ಸಾಮರ್ಥ್ಯ. ಇನ್ನು ಅದರ ಮಿತಿ. ಮ್ಯಾಸಚೂಸೆಟ್ಸ್‌ನ ಅದೇ ಪ್ರಯೋಗದಲ್ಲಿ, ಲೇಪಿಸಿದ ಒಂದೇ ದಿನದಲ್ಲಿ ಥಯಾಬೆಂಡಜೋಲ್‌ನ ಶೇಕಡ 20ರಷ್ಟು, ಫಾಸ್ಮೆಟ್‌ನ ಶೇಕಡ 4.4ರಷ್ಟು ಸೇಬಿನ ಒಳಕ್ಕಿಳಿದಿದ್ದವು. ಆ ಭಾಗವನ್ನು ಯಾವ ತೊಳೆತವೂ ಮುಟ್ಟಲಿಲ್ಲ. ಮ್ಯಾಂಕೋಜೆಬ್‌ನಂಥ ಸ್ಪರ್ಶ ರಾಸಾಯನಿಕಗಳು ಬಹುಮಟ್ಟಿಗೆ ಮೇಲ್ಮೈಯಲ್ಲಿ ಕೂರುತ್ತವೆ. ಇಮಿಡಾಕ್ಲೋಪ್ರಿಡ್, ಥಯಾಮೆಥಾಕ್ಸಾಮ್‌ನಂಥ ಅಂತರ್ವ್ಯಾಪಿಗಳು ಗಿಡದ ರಸದಲ್ಲಿ ಸೇರಿ ಕಾಂಡ, ಎಲೆ, ಕಾಯಿಗಳಲ್ಲೆಲ್ಲ ಸಂಚರಿಸುತ್ತವೆ. ಅವುಗಳ ಉದ್ದೇಶವೇ ಅದು. ಒಳಗಿರುವುದನ್ನು ಹೊರಗಿನಿಂದ ತೊಳೆಯುವುದು ಹೇಗೆ? ‘ಮನೆಯಲ್ಲಿ ತೊಳೆದುಕೊಂಡರೆ ಸಾಕು’ ಎಂದು ಗ್ರಾಹಕರಿಗೆ ಹೇಳಿ ಕೈತೊಳೆದುಕೊಳ್ಳುವವರು ಈ ಪ್ರಶ್ನೆಗೆ ಉತ್ತರಿಸುವುದಿಲ್ಲ.

ರೈತನನ್ನು ಖಳನಾಯಕನನ್ನಾಗಿ ಮಾಡುವುದು ಸುಲಭ. ಅವನ ಲೆಕ್ಕವನ್ನು ಅರಿಯುವುದು ಕಷ್ಟ. ಪ್ರತಿ ರಾಸಾಯನಿಕಕ್ಕೂ ಸಿಂಪಡಣೆ ಮತ್ತು ಕೊಯ್ಲಿನ ನಡುವೆ ಇಂತಿಷ್ಟು ದಿನ ಕಾಯಬೇಕೆಂಬ ನಿಯಮವಿದೆ. ಆದರೆ ಬೆಂಡೆ, ಸೌತೆ, ಹುರುಳಿಕಾಯಿ, ಬದನೆಗಳನ್ನು ಎರಡು ಮೂರು ದಿನಕ್ಕೊಮ್ಮೆ ಬಿಡಿಸಲೇಬೇಕು. ಬಿಟ್ಟರೆ ಬಲಿತು ಬೆಲೆ ಕಳೆದುಕೊಳ್ಳುತ್ತವೆ. ಏಳು ದಿನ ಕಾಯಬೇಕಾದ ಔಷಧಿ ಹೊಡೆದವನು ಎರಡು ಮೂರು ಕೊಯ್ಲುಗಳನ್ನು ಚೆಲ್ಲಬೇಕಾಗುತ್ತದೆ. ಇತ್ತ ಬದನೆಯ ಕುಡಿ ಮತ್ತು ಕಾಯಿ ಕೊರೆಯುವ ಹುಳು ಕಾಯಿಯೊಳಗೆ ಹೊಕ್ಕ ಮೇಲೆ ಯಾವ ಸಿಂಪಡಣೆಯೂ ಅದನ್ನು ತಲುಪದು. ಹೊಕ್ಕುವ ಮೊದಲೇ ಕೊಲ್ಲಬೇಕೆಂಬ ಆತುರದಲ್ಲಿ ಸಿಂಪಡಣೆ ಮೇಲೆ ಸಿಂಪಡಣೆ ನಡೆಯುತ್ತದೆ. ಮಂಡಿಯಲ್ಲಿ ಒಂದು ತೂತು ಕಂಡರೆ ಇಡೀ ಚೀಲಕ್ಕೆ ಬೆಲೆ ಇಲ್ಲ. ಆ ತೂತನ್ನು ತಿರಸ್ಕರಿಸುವ ಕೊನೆಯ ಕೈ ನಮ್ಮದೇ ಎಂಬುದನ್ನು ಮರೆಯಬಾರದು.

ರಾಸಾಯನಿಕಗಳ ಮೇಲಿನ ಭರವಸೆ ಎಷ್ಟು ಗಟ್ಟಿ ಎಂಬುದಕ್ಕೆ ನಂಜನಗೂಡಿನ ರಸಬಾಳೆಯೇ ಸಾಕ್ಷಿ. ದೇವರಸನಹಳ್ಳಿಯ ಸುತ್ತ ಬೆಳೆಯುತ್ತಿದ್ದ, ಭೌಗೋಳಿಕ ಗುರುತಿನ ಮಾನ್ಯತೆ ಪಡೆದ ಆ ಹಣ್ಣು ಅಳಿವಿನಂಚಿಗೆ ಸರಿದದ್ದು ಮುಖ್ಯವಾಗಿ ಪನಾಮಾ ಸೊರಗು ರೋಗದಿಂದ. ಮಣ್ಣಿನಲ್ಲಿ ದಶಕಗಳ ಕಾಲ ಉಳಿಯುವ ಆ ಶಿಲೀಂಧ್ರವನ್ನು ಡಬ್ಬಿಯಲ್ಲಿ ಬರುವ ಯಾವ ಔಷಧಿಯೂ ನಿರ್ಮೂಲ ಮಾಡಲಿಲ್ಲ. ಅದಕ್ಕೆ ದಾರಿಯಿದ್ದರೆ ರೋಗಮುಕ್ತ ಸಸಿ, ಬೆಳೆ ಪರಿವರ್ತನೆ, ಜೀವಂತ ಮಣ್ಣುಗಳಲ್ಲಿ ಮಾತ್ರ.

ಬೋಗುಣಿಯ ನೀರು ಎಂದಿಗೂ ತಲುಪದ ಒಬ್ಬನಿದ್ದಾನೆ: ಬೆನ್ನಿಗೆ ಟ್ಯಾಂಕು ಹೊತ್ತು, ಕೈಗವಸಿಲ್ಲದೆ, ಗಾಳಿಗೆ ಎದುರಾಗಿ ಸಿಂಪಡಿಸುವ ಕೂಲಿಕಾರ. ಅವನ ಅಂಗಿಯನ್ನು ಒಗೆಯುವವಳು ಅವನ ಹೆಂಡತಿ. ಟ್ಯಾಂಕು ತೊಳೆದ ನೀರು ಸೇರುವುದು ನಾಲೆಗೆ. ಕಾಸರಗೋಡಿನ ಗೇರುತೋಟಗಳ ಮೇಲೆ 2000ದವರೆಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿಯಲಾಯಿತು. ಅಲ್ಲಿ ನರಳಿದವರು ಗೋಡಂಬಿ ತಿಂದವರಲ್ಲ, ತೋಟದ ಬದಿಯಲ್ಲಿ ಬದುಕಿದವರು. ಅದಕ್ಕೆ ಸರ್ವೋಚ್ಚ ನ್ಯಾಯಾಲಯದ ದೇಶವ್ಯಾಪಿ ತಡೆ ಬಂದದ್ದು 2011ರ ಮೇ ತಿಂಗಳಿನಲ್ಲಿ. ಮಾನೋಕ್ರೋಟೋಫಾಸನ್ನು ತರಕಾರಿಗೆ ಬಳಸಕೂಡದೆಂಬ ಆದೇಶ 2005ರದು. ಆದರೆ ಬೇರೆ ಬೆಳೆಗಳ ಹೆಸರಿನಲ್ಲಿ ಅದರ ಮಾರಾಟ ಅನೇಕ ವರ್ಷ ಮುಂದುವರಿಯಿತು. ಅಂಗಡಿಯಿಂದ ಹೊರಬಿದ್ದ ಡಬ್ಬಿ ಹತ್ತಿಗೆ ಹೋಯಿತೋ ಬದನೆಗೆ ಹೋಯಿತೋ ನೋಡುವವರಾರು?

ಮೇಲೆ ಕುಳಿತ ನಾವು ಬಯಲಿನವರಿಗೆ ಬುದ್ಧಿ ಹೇಳುವ ಅಧಿಕಾರವನ್ನೂ ಹೊಂದಿಲ್ಲ. ಘಟ್ಟದ ಕಾಫಿ ತೋಟ, ಗುತ್ತಿಗೆಯ ಶುಂಠಿ ಗದ್ದೆಗಳಲ್ಲಿ ಹೊಡೆದದ್ದು ಮೊದಲ ಮಳೆಗೆ ತೊರೆಗಿಳಿಯುತ್ತದೆ. ತೊರೆ ನದಿಗೆ, ನದಿ ನಾಲೆಗೆ. ನಾವು ಬೋಗುಣಿಯಲ್ಲಿ ತೊಳೆದು ಚೆಲ್ಲಿದ್ದೂ ಅದೇ ದಾರಿ ಹಿಡಿಯುತ್ತದೆ. ತೊಳೆಯುವುದೆಂದರೆ ಹೆಚ್ಚಿನ ಪಾಲು ಸ್ಥಳ ಬದಲಿಸುವುದೇ ಹೊರತು ಇಲ್ಲವಾಗಿಸುವುದಲ್ಲ.

ಹಾಗಾದರೆ ಮಾಡಬೇಕಾದುದೇನು? ಮನೆಯವರು ಋತುಮಾನದ ತರಕಾರಿಯನ್ನೇ ಕೊಳ್ಳಲಿ, ಚಿಕ್ಕ ತೂತು, ಕಲೆಗಳನ್ನು ಸಹಿಸಲಿ; ‘ಔಷಧಿ ಹೊಡೆದು ಎಷ್ಟು ದಿನವಾಯಿತು?’ ಎಂದು ಮಾರುವವರನ್ನು ಕೇಳುವ ರೂಢಿ ಬೆಳೆಸಿಕೊಳ್ಳಲಿ. ಕಾದು ಕೊಯ್ದ ರೈತನಿಗೆ ನಾಲ್ಕು ಕಾಸು ಹೆಚ್ಚು ಕೊಡಲು ನಮ್ಮಂಥ ಬಳಗಗಳು ಒಪ್ಪಂದ ಮಾಡಿಕೊಳ್ಳಲಿ. ರೈತರು ಬದನೆಯ ಬಾಡಿದ ಕುಡಿಗಳನ್ನು ವಾರವಾರ ಚಿವುಟಿ ನಾಶಪಡಿಸಿ, ಮೋಹಕ ಬಲೆ ಕಟ್ಟಿ, ಕಾಯಿ ಬಿಡುವ ಕಾಲದಲ್ಲಿ ಬೇವಿನಂಥ ಮೃದು ಉಪಾಯಗಳಿಗೆ ಸೀಮಿತಗೊಂಡರೆ ಸಿಂಪಡಣೆ ಗಣನೀಯವಾಗಿ ತಗ್ಗುತ್ತದೆ. ಇದನ್ನು ಹೊಲದಲ್ಲಿ ನಿಂತು ತೋರಿಸಲು ನಂಜನಗೂಡು ತಾಲ್ಲೂಕಿನ ಸುತ್ತೂರಿನಲ್ಲೇ ಕೃಷಿ ವಿಜ್ಞಾನ ಕೇಂದ್ರವಿದೆ.

ಸರ್ಕಾರದಿಂದ ನಾವು ಕೇಳುವುದು ಒಂದೇ. 1950ರಿಂದ ಕೇಂದ್ರೀಯ ಆಹಾರ ತಂತ್ರಜ್ಞಾನ ಸಂಶೋಧನಾ ಸಂಸ್ಥೆ ನೆಲೆಸಿರುವ ಜಿಲ್ಲೆ ಮೈಸೂರು. ಅಂಥ ಜಿಲ್ಲೆಯ ಸಂತೆಗಳಿಂದ ತಿಂಗಳಿಗೊಮ್ಮೆ ಮಾದರಿ ತೆಗೆದು, ಪರೀಕ್ಷಿಸಿ, ಯಾವ ತರಕಾರಿಯಲ್ಲಿ ಏನು ಎಷ್ಟಿತ್ತೆಂಬುದನ್ನು ಕನ್ನಡದಲ್ಲಿ ಬರೆದು ಸಂತೆಯ ಬಾಗಿಲಿಗೇ ಅಂಟಿಸಲಿ. ನೆರೆಯ ಕೇರಳದ ಕೃಷಿ ವಿಶ್ವವಿದ್ಯಾಲಯ ಮಾರುಕಟ್ಟೆಯ ತರಕಾರಿಗಳನ್ನು ಪರೀಕ್ಷಿಸಿ ಫಲಿತಾಂಶವನ್ನು ಜನರ ಮುಂದಿಡುವ ಪದ್ಧತಿಯನ್ನು ಬೆಳೆಸಿದೆ. ನಮಗೂ ಅದು ಅಸಾಧ್ಯವಲ್ಲ.

ನಂಜನಗೂಡಿನ ದೈವ ನಂಜನ್ನುಂಡದ್ದು ಲೋಕ ಉಳಿಯಲೆಂದು, ಅದೂ ಒಂದೇ ಬಾರಿ. ನಂಜನ್ನು ದಿನವೂ ಉಣ್ಣುವ ಕೆಲಸವನ್ನು ಅವನು ಮಕ್ಕಳಿಗಾಗಲಿ ಕೂಲಿಕಾರರಿಗಾಗಲಿ ವಹಿಸಿಕೊಟ್ಟಿಲ್ಲ. ಆದ್ದರಿಂದ ಇಂದು ಸಂಜೆ ತರಕಾರಿಯನ್ನು ತಪ್ಪದೆ ತೊಳೆಯೋಣ. ಮುಂದಿನ ಸಂತೆಯ ದಿನ ತಪ್ಪದೆ ಪ್ರಶ್ನೆಯನ್ನೂ ಕೇಳೋಣ.