ಆಟ ಅಳಿಸುವ ಮುನ್ನ ಅಮ್ಮನನ್ನು ಕೇಳಿ

ರಜೆ ಶುರುವಾಯ್ತು ಅಂದ್ರೆ ಮನೆಯಲ್ಲಿ ಎರಡು ಜಾಗಕ್ಕೆ ಜಗಳ. ಒಂದು, ಫ್ಯಾನಿನ ನೇರ ಕೆಳಗಿನ ಹಾಸಿಗೆಗೆ. ಇನ್ನೊಂದು, ಟೀವಿ ಪಕ್ಕ ಕೂತಿರುವ ಗೇಮ್ ಪೆಟ್ಟಿಗೆಯೊಳಗಿನ ಜಾಗಕ್ಕೆ! ‘ಅಮ್ಮಾ, ಸ್ಟೋರೇಜ್ ಫುಲ್ ಆಗಿದೆ, ಇವಳ ಗೇಮ್ ಡಿಲೀಟ್ ಮಾಡ್ಲಾ?’ ಅಂತ ಮಗ ಹಾಲ್‌ನಿಂದ ಕೂಗುತ್ತಾನೆ. ಒಗ್ಗರಣೆ ಸೀದುಹೋಗುವ ಆತಂಕದಲ್ಲಿ ನೀವು ‘ಏನಾದ್ರೂ ಮಾಡ್ಕೊಳ್ರಪ್ಪಾ’ ಅನ್ನುತ್ತೀರಿ. ಅದನ್ನೇ ಅನುಮತಿ ಅಂದುಕೊಂಡು ಅವನು ಗುಂಡಿ ಒತ್ತುತ್ತಾನೆ. ಆಮೇಲಿನ ಅಳು, ಮುನಿಸು, ಊಟ ಬಿಟ್ಟು ಕೂರೋದು ಎಲ್ಲಾ ನಿಮ್ಮ ಪಾಲಿಗೇ.

ಈ ‘ಏನಾದ್ರೂ ಮಾಡ್ಕೊಳ್ಳಿ’ ಅನ್ನೋ ಮಾತನ್ನು ನಾವು ಬಿಡಬೇಕು ಅನ್ನೋದೇ ಇವತ್ತಿನ ನನ್ನ ವಾದ. ಗೇಮ್ ಅಂದರೆ ಮಕ್ಕಳ ಕಾರುಬಾರು, ವೈರು-ಡಿಸ್ಕು ಅಂದರೆ ಗಂಡಸರ ಕಾರುಬಾರು ಅಂತ ನಾವು ದೂರ ನಿಂತುಬಿಟ್ಟಿದ್ದೇವೆ. ಆದರೆ ಯೋಚಿಸಿ ನೋಡಿ, ಇರುವ ಚೂರು ಜಾಗದಲ್ಲಿ ಯಾವುದನ್ನು ಕೈಗೆಟುಕುವಂತೆ ಇಡಬೇಕು, ಯಾವುದನ್ನು ಅಟ್ಟಕ್ಕೆ ಹಾಕಬೇಕು, ಯಾವುದನ್ನು ಯಾರಿಗಾದರೂ ಕೊಟ್ಟು ಕೈತೊಳೆದುಕೊಳ್ಳಬೇಕು ಅನ್ನೋ ಲೆಕ್ಕ ಮನೆಯಲ್ಲಿ ನಮಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಇದೂ ಅದೇ ಲೆಕ್ಕ. ಹೆಸರು ಮಾತ್ರ ಇಂಗ್ಲಿಷು.

ನಮ್ಮ ಕಡೆ ಹೆಚ್ಚು ಮನೆಗಳಲ್ಲಿ ಕಾಣೋದು ಸೋನಿಯ ಪ್ಲೇಸ್ಟೇಷನ್. ಅದನ್ನೇ ಇಟ್ಟುಕೊಂಡು ಹೇಳುತ್ತೇನೆ. 2000ದಲ್ಲಿ ಬಂದ ಪ್ಲೇಸ್ಟೇಷನ್ 2ಕ್ಕೆ ಬೆಂಕಿಪೊಟ್ಟಣದ ಗಾತ್ರದ ಮೆಮೊರಿ ಕಾರ್ಡ್ ಇತ್ತು. ಅದರಲ್ಲಿ ಹಿಡಿಯುತ್ತಿದ್ದದ್ದು 8 ಎಂಬಿ. ಆಟ ಡಿಸ್ಕ್‌ನಲ್ಲೇ ಇರುತ್ತಿತ್ತು, ಎಲ್ಲಿಗೆ ಬಂದು ನಿಲ್ಲಿಸಿದ್ದೇವೆ ಅನ್ನೋ ಗುರುತು ಮಾತ್ರ ಕಾರ್ಡಿನಲ್ಲಿ. 2013ರಲ್ಲಿ ಬಂದ ಪ್ಲೇಸ್ಟೇಷನ್ 4ರಲ್ಲಿ 500 ಜಿಬಿ ಹಾರ್ಡ್ ಡಿಸ್ಕ್ ಇತ್ತು. ನಮ್ಮ ದೇಶದಲ್ಲಿ 2021ರ ಫೆಬ್ರುವರಿಯಲ್ಲಿ ಮಾರಾಟಕ್ಕೆ ಬಂದ ಪ್ಲೇಸ್ಟೇಷನ್ 5ರ ಡಬ್ಬದ ಮೇಲೆ 825 ಜಿಬಿ ಅಂತಿದ್ದರೂ ನಮಗೆ ಸಿಗೋದು ಸುಮಾರು 667 ಜಿಬಿ. ಉಳಿದದ್ದು ಯಂತ್ರದ ಸ್ವಂತ ಖರ್ಚಿಗೆ!

667 ಅಂದರೆ ಸಮುದ್ರ ಅನಿಸುತ್ತೆ ಅಲ್ವಾ? ಆದರೆ ‘ರೆಡ್ ಡೆಡ್ ರಿಡೆಂಪ್ಷನ್ 2’ ಒಂದೇ 100 ಜಿಬಿ ದಾಟುತ್ತೆ. 2019ರ ‘ಕಾಲ್ ಆಫ್ ಡ್ಯೂಟಿ: ಮಾಡರ್ನ್ ವಾರ್‌ಫೇರ್’ ಅಪ್‌ಡೇಟ್ ಮೇಲೆ ಅಪ್‌ಡೇಟ್ ತಿಂದು 200 ಜಿಬಿ ಮೀರಿ ಬೆಳೆದಿತ್ತು. ಇಂಥ ನಾಲ್ಕು ಜನ ನೆಂಟರು ಬಂದು ಕೂತರೆ ಮನೆ ಭರ್ತಿ.

ಇನ್ನೊಂದು ತಪ್ಪು ತಿಳಿವಳಿಕೆ ಇದೆ. ‘ನಾವು ಡಿಸ್ಕ್ ಕೊಂಡಿದ್ದೀವಿ, ನಮಗೆ ಜಾಗ ಬೇಡ’ ಅಂತ ಅನೇಕರು ಅಂದುಕೊಂಡಿದ್ದಾರೆ. ಈಗಿನ ಯಂತ್ರಗಳಲ್ಲಿ ಡಿಸ್ಕ್ ಹಾಕಿದರೂ ಇಡೀ ಆಟ ಒಳಗೆ ಇಳಿದು ಕೂರುತ್ತೆ. ಡಿಸ್ಕ್ ಬರೀ ಬೀಗದ ಕೈ ಇದ್ದಂತೆ.

ಜಾಡಿ ಬೇರೆ, ಉಪ್ಪಿನಕಾಯಿ ಬೇರೆ

ಇಲ್ಲಿಂದ ಸ್ವಲ್ಪ ಗಮನವಿಟ್ಟು ಓದಿ. ಯಂತ್ರದೊಳಗೆ ಎರಡು ಬಗೆಯ ವಸ್ತು ಇರುತ್ತೆ. ಒಂದು ಆಟ. ಇನ್ನೊಂದು ‘ಸೇವ್ಡ್ ಡೇಟಾ’, ಅಂದರೆ ನಿಮ್ಮ ಮಗು ಆಡಿ ಆಡಿ ತಲುಪಿದ ಹಂತ, ಕಟ್ಟಿದ ಮನೆ, ಗೆದ್ದ ಪದಕ. ಆಟ ಜಾಡಿ ಇದ್ದಂತೆ, ಒಡೆದರೆ ಇನ್ನೊಂದು ತರಬಹುದು. ಸೇವ್ ಅನ್ನೋದು ಅದರೊಳಗಿನ ಮಾವಿನ ಮಿಡಿ. ಹೋದರೆ ಹೋಯ್ತು, ಮತ್ತೆ ಮೊದಲಿಂದ ಕೂತು ಹಾಕಬೇಕು. ಜಾಡಿ 100 ಜಿಬಿ ಜಾಗ ಹಿಡಿದರೆ ಮಿಡಿ ಸಾಮಾನ್ಯವಾಗಿ ಕೆಲವೇ ಎಂಬಿ.

ಸಮಾಧಾನದ ಸಂಗತಿ ಅಂದರೆ, ಪ್ಲೇಸ್ಟೇಷನ್ 4 ಮತ್ತು 5ರಲ್ಲಿ ಆಟವನ್ನು ಅಳಿಸಿದರೆ ಸೇವ್ ಅಳಿಯೋದಿಲ್ಲ. ಅದು ಬೇರೆ ಮೂಲೆಯಲ್ಲಿ ಉಳಿದಿರುತ್ತೆ. ಆಟವನ್ನು ಮತ್ತೆ ಇಳಿಸಿಕೊಂಡರೆ ಬಿಟ್ಟ ಜಾಗದಿಂದಲೇ ಮುಂದುವರಿಯಬಹುದು. ಅಳುವ ಮಗುವಿಗೆ ಮೊದಲು ಇದನ್ನು ಹೇಳಿ, ಅರ್ಧ ಅಳು ನಿಲ್ಲುತ್ತೆ. ಅನಾಹುತ ಆಗೋದು ಎರಡು ಕಡೆ. ಜಾಗ ಮಾಡುವ ಹುಮ್ಮಸ್ಸಿನಲ್ಲಿ ‘ಸೇವ್ಡ್ ಡೇಟಾ’ ಅಂತ ಬರೆದಿರುವ ಪಟ್ಟಿಗೇ ಕೈ ಹಾಕಿದಾಗ, ಮತ್ತು ಮನೆಯವರೊಬ್ಬರ ‘ಯೂಸರ್’ ಹೆಸರನ್ನೇ ತೆಗೆದುಹಾಕಿದಾಗ. ಅಣ್ಣ ಹಾಸ್ಟೆಲಿಗೆ ಹೋದ, ಇನ್ನು ಅವನ ಹೆಸರು ಯಾಕೆ ಅಂತ ತಮ್ಮ ಅಳಿಸಿಬಿಡುತ್ತಾನೆ. ಯೂಸರ್ ಅಳಿಸಿದರೆ ಅವನ ಸೇವ್, ಅವನು ತೆಗೆದಿಟ್ಟ ಚಿತ್ರ, ವಿಡಿಯೊ ಎಲ್ಲಾ ಅದರ ಜೊತೆಗೇ ಹೋಗುತ್ತೆ. ತಮಾಷೆ ನೋಡಿ, ಇಷ್ಟೆಲ್ಲಾ ಕಳೆದುಕೊಂಡರೂ ದೊಡ್ಡ ಆಟಗಳು ಇದ್ದಲ್ಲೇ ಇರೋದರಿಂದ ಜಾಗ ಹೆಚ್ಚೇನೂ ಸಿಗೋದಿಲ್ಲ! ದಸರಾ ರಜೆಗೆ ಅಣ್ಣ ಮನೆಗೆ ಬಂದಾಗಿನ ರಂಪ ಮಾತ್ರ ಸಿಗುತ್ತೆ.

ಸೇವ್ ಕಾಪಾಡೋ ದಾರಿಯೂ ಇದೆ. ಪ್ಲೇಸ್ಟೇಷನ್ 4ರ ಆಟದ ಸೇವ್‌ಗಳನ್ನು ಪೆನ್‌ಡ್ರೈವ್‌ಗೆ ನಕಲು ಮಾಡಿಕೊಳ್ಳಬಹುದು, ಖರ್ಚಿಲ್ಲ. ಪ್ಲೇಸ್ಟೇಷನ್ 5ರ ಆಟಗಳ ಸೇವ್‌ಗಳನ್ನು ಹಾಗೆ ಒಂದೊಂದಾಗಿ ಪೆನ್‌ಡ್ರೈವ್‌ಗೆ ಹಾಕಿಕೊಳ್ಳಲು ಬಿಡೋಲ್ಲ. ಅದಕ್ಕೆ ಚಂದಾ ಕಟ್ಟುವ ‘ಪಿಎಸ್ ಪ್ಲಸ್’ ಇದ್ದರೆ ಇಂಟರ್ನೆಟ್ ಮೂಲಕ ಸೋನಿಯ ಕಣಜದಲ್ಲಿ ಇಟ್ಟುಕೊಳ್ಳಬಹುದು. ನಮ್ಮದೇ ಮಿಡಿಯನ್ನು ನಮ್ಮದೇ ಡಬ್ಬಿಗೆ ಹಾಕಿಕೊಳ್ಳೋಕೆ ಚಂದಾ ಕೇಳೋದು ನನಗಂತೂ ಸರಿ ಕಾಣೋಲ್ಲ. ಆದರೆ ಇರೋದು ಹಾಗೆ.

ಯಾರದು ಅಳಿಸೋದು?

ಹೆಣ್ಣುಮಕ್ಕಳಿರುವ ಮನೆಯ ಅಮ್ಮಂದಿರಿಗೆ ಒಂದು ಮಾತು ಹೇಳಲೇಬೇಕು. ಜಾಗ ಸಾಲದು ಅಂದಾಗ ಮೊದಲು ಅಳಿಯೋದು ಯಾರ ಆಟ? ಬಹುತೇಕ ಮಗಳದು. ‘ಅವಳೇನು ದಿನಾ ಆಡ್ತಾಳಾ’ ಅನ್ನೋ ಸಮಜಾಯಿಷಿ ಬೇರೆ. ಅವಳು ದಿನಾ ಆಡದೇ ಇರೋದು ಯಂತ್ರದ ಮುಂದೆ ಅವಳಿಗೆ ಸರದಿಯೇ ಬರದ ಕಾರಣಕ್ಕೂ ಇರಬಹುದಲ್ವಾ? ನ್ಯಾಯದ ಮಾತು ಹಾಗಿರಲಿ, ಬರೀ ಲೆಕ್ಕ ಹಿಡಿದರೂ ಇದು ದಂಡ. ಅವಳ ‘ಸ್ಟಾರ್‌ಡ್ಯೂ ವ್ಯಾಲಿ’ಯಂಥ ಬೇಸಾಯದ ಆಟ ಹಿಡಿಯೋದು ಒಂದೆರಡು ಜಿಬಿ. ಅದನ್ನು ಕಿತ್ತರೆ ಹೊಸ ಆಟದ ಕಾಲು ಭಾಗವೂ ಹಿಡಿಸೋಲ್ಲ. ಅದೇ ಹೊತ್ತಿಗೆ ಅಣ್ಣ ಆಡಿ ಮುಗಿಸಿ ಆರು ತಿಂಗಳಾದ 100 ಜಿಬಿಯ ಆಟ ಪಟ್ಟಾಗಿ ಕೂತಿರುತ್ತೆ. ‘ಸೆಟ್ಟಿಂಗ್ಸ್’ನಲ್ಲಿ ‘ಸ್ಟೋರೇಜ್’ ತೆರೆದರೆ ಯಾವ ಆಟ ಎಷ್ಟು ಜಿಬಿ ಅನ್ನೋದು ಎದುರಿಗೇ ಕಾಣುತ್ತೆ. ಇಬ್ಬರನ್ನೂ ಪಕ್ಕದಲ್ಲಿ ಕೂರಿಸಿಕೊಂಡು ಆ ಪಟ್ಟಿ ನೀವೇ ಓದಿ. ಮುಗಿದ ಆಟ ಮೊದಲು, ದೊಡ್ಡದು ಮೊದಲು. ಯಾರ ಆಟವನ್ನೂ ಅವರಿಲ್ಲದಾಗ ಅಳಿಸುವಂತಿಲ್ಲ.

ಹಾಗೆಯೇ, ಅಂಕ ಕಡಿಮೆ ಬಂತು ಅಂತ ಸಿಟ್ಟಿನಲ್ಲಿ ಸೇವ್ ಅಳಿಸುವ ಶಿಕ್ಷೆ ಬೇಡ. ಆಡೋದು ನಿಲ್ಲಿಸಬೇಕಾದರೆ ಕಂಟ್ರೋಲರ್ ಎತ್ತಿ ಬೀರುವಿನಲ್ಲಿಡಿ. ಅರ್ಧ ಹಾಕಿದ ನಿಮ್ಮ ಕಸೂತಿಯನ್ನು ಯಾರಾದರೂ ಬಿಚ್ಚಿಹಾಕಿದರೆ ಹೇಗನಿಸುತ್ತೆ?

ಪಟ್ಟಿ ನೋಡುವಾಗ ವಿಡಿಯೊ, ಚಿತ್ರಗಳ ಲೆಕ್ಕವನ್ನೂ ನೋಡಿ. ಪ್ಲೇಸ್ಟೇಷನ್ 5 ಮಗು ಏನಾದರೂ ಗೆದ್ದಾಗಲೆಲ್ಲ ತಾನಾಗಿಯೇ ಒಂದು ತುಣುಕು ವಿಡಿಯೊ ತೆಗೆದಿಟ್ಟುಕೊಳ್ಳುತ್ತೆ. ಯಾರೂ ನೋಡದ ಇಂಥವು ಸದ್ದಿಲ್ಲದೆ ತುಂಬಿಕೊಳ್ಳುತ್ತವೆ. ‘ಕ್ಯಾಪ್ಚರ್ಸ್’ ಅನ್ನೋ ಸೆಟ್ಟಿಂಗ್‌ನಲ್ಲಿ ‘ಟ್ರೋಫೀಸ್’ ಕಡೆ ಹೋಗಿ ಅದನ್ನು ನಿಲ್ಲಿಸಬಹುದು.

ಫೋಟೊ ಡಿಸ್ಕ್ ಜೋಪಾನ

ಅಳಿಸಿ ಅಳಿಸಿ ಸಾಕಾದಾಗ ಹೊರಗಿನ ಹಾರ್ಡ್ ಡಿಸ್ಕ್ ಜೋಡಿಸುವ ಯೋಚನೆ ಬರುತ್ತೆ. ಒಳ್ಳೆಯದೇ. ಆದರೆ ನಾನು ಈ ಲೇಖನ ಬರೆಯೋಕೆ ಮುಖ್ಯ ಕಾರಣ ಮುಂದಿನ ನಾಲ್ಕು ಸಾಲು.

ನಮ್ಮ ಬೀದಿಯ ಒಂದು ಮನೆಯಲ್ಲಿ ಬೀರುವಿನ ಬಟ್ಟೆ ಸಂದಿಯಲ್ಲಿ ಒಂದು ಹಾರ್ಡ್ ಡಿಸ್ಕ್ ಇತ್ತು. ಗೃಹಪ್ರವೇಶ, ಮಗುವಿನ ನಾಮಕರಣ, ತೀರಿಕೊಂಡ ಅತ್ತೆ ಹಸೆ ಮುಂದೆ ಕೂತು ಸೋಬಾನೆ ಹೇಳಿದ ವಿಡಿಯೊ ಎಲ್ಲಾ ಅದರಲ್ಲೇ. ಹುಡುಗ ಅದನ್ನು ತಂದು ಗೇಮ್ ಯಂತ್ರಕ್ಕೆ ಚುಚ್ಚಿದ. ‘ಫಾರ್ಮ್ಯಾಟ್’ ಮಾಡಲೇ ಅಂತ ಯಂತ್ರ ಕೇಳಿತು. ಅವನು ಹೂಂ ಅಂದ. ಹನ್ನೊಂದು ವರ್ಷದ ಮಗುವಿಗೆ ಏನು ಗೊತ್ತು? ಆ ಮನೆಯವರ ಹತ್ತಿರ ಅದರ ಇನ್ನೊಂದು ಪ್ರತಿ ಇರಲಿಲ್ಲ.

ಆಟ ತುಂಬೋಕೆ ಅಂತ ಡಿಸ್ಕ್ ಜೋಡಿಸಿದರೆ ಪ್ಲೇಸ್ಟೇಷನ್ ಅದನ್ನು ತನ್ನದೇ ರೀತಿಯಲ್ಲಿ ಫಾರ್ಮ್ಯಾಟ್ ಮಾಡುತ್ತೆ. ಫಾರ್ಮ್ಯಾಟ್ ಅಂದರೆ ಅದರಲ್ಲಿ ಇದ್ದದ್ದೆಲ್ಲಾ ಗುಡಿಸಿ ಹಾಕೋದು. ಎಚ್ಚರಿಕೆ ಕೊಡುತ್ತೆ ನಿಜ, ಆದರೆ ಅದು ಇಂಗ್ಲಿಷಿನಲ್ಲಿ, ಅದೂ ಆಟದ ಅವಸರದಲ್ಲಿರುವ ಮಗುವಿಗೆ! ಆಮೇಲೆ ಅದೇ ಡಿಸ್ಕನ್ನು ಕಂಪ್ಯೂಟರ್‌ಗೆ ಹಾಕಿದರೆ ಅದಕ್ಕೆ ಅರ್ಥವಾಗೋಲ್ಲ, ಅದೂ ಫಾರ್ಮ್ಯಾಟ್ ಮಾಡಲೇ ಅನ್ನುತ್ತೆ. ಆಗ ಹೂಂ ಅಂದರೆ ಆಟಗಳು ಹೋಗುತ್ತವೆ. ಆದ್ದರಿಂದ ಗೇಮ್ ಡಿಸ್ಕ್ ಬೇರೆಯೇ ಇರಲಿ, ಅದರ ಮೇಲೆ ಕೆಂಪು ಉಗುರುಬಣ್ಣದಲ್ಲಿ ‘ಆಟ’ ಅಂತ ಬರೆದುಬಿಡಿ. ಫೋಟೊ ಡಿಸ್ಕ್‌ನ ಎರಡನೇ ಪ್ರತಿಯನ್ನು ಈ ವಾರವೇ ಮಾಡಿಸಿ.

ಕೊಳ್ಳುವಾಗ ಯುಎಸ್‌ಬಿ 3.0 ಅಥವಾ ಅದಕ್ಕಿಂತ ಹೊಸದು ಅಂತ ಕೇಳಿ ತನ್ನಿ. 250 ಜಿಬಿಗಿಂತ ಕಡಿಮೆ ಇದ್ದರೆ ಯಂತ್ರ ಒಪ್ಪೋಲ್ಲ, 8 ಟಿಬಿಗಿಂತ ಹೆಚ್ಚಿನದೂ ಬೇಡ. ನಾಲ್ಕು ಕಿಂಡಿಯ ಹಬ್ ಮೂಲಕ ಜೋಡಿಸದೆ ನೇರವಾಗಿ ಯಂತ್ರಕ್ಕೇ ಚುಚ್ಚಿ. ಪ್ಲೇಸ್ಟೇಷನ್ 5 ಆದರೆ ಹಿಂಬದಿಯ ಕಿಂಡಿ.

ಈಗ ಅಟ್ಟದ ಲೆಕ್ಕ. ಪ್ಲೇಸ್ಟೇಷನ್ 4ರ ಆಟಗಳನ್ನು ಈ ಹೊರಗಿನ ಡಿಸ್ಕ್‌ನಿಂದಲೇ ಆಡಬಹುದು, ಯಂತ್ರ 4 ಇರಲಿ 5 ಇರಲಿ. ಆದರೆ ಪ್ಲೇಸ್ಟೇಷನ್ 5ರ ಆಟಗಳನ್ನು ಅಲ್ಲಿ ಇಡಬಹುದು ಅಷ್ಟೇ, ಅಲ್ಲಿಂದ ಆಡಲು ಆಗೋಲ್ಲ. ದೊಡ್ಡ ಕೊಪ್ಪರಿಗೆ ಅಟ್ಟದಲ್ಲಿದ್ದ ಹಾಗೆ, ಹಬ್ಬದ ಅಡುಗೆಗೆ ಕೆಳಗಿಳಿಸಲೇಬೇಕು. ಹಾಗಾದರೆ ಪ್ರಯೋಜನವೇನು ಅಂತೀರಾ? 40 ಎಂಬಿಪಿಎಸ್ ಇಂಟರ್ನೆಟ್‌ನಲ್ಲಿ 100 ಜಿಬಿ ಆಟ ಮತ್ತೆ ಇಳಿಯೋಕೆ ಒಂದು ಸಲವೂ ತಡೆಯದೆ ಬಂದರೂ ಐದೂವರೆ ಗಂಟೆ. ಡಿಸ್ಕ್‌ನಿಂದ ಒಳಗೆ ತರೋಕೆ ಅರ್ಧ ಗಂಟೆ ಆಸುಪಾಸು ಸಾಕು. ತಿಂಗಳಿಗಿಷ್ಟೇ ಡೇಟಾ ಅಂತ ಮಿತಿ ಇರುವ ಮನೆಯವರಿಗೆ ದುಡ್ಡೂ ಉಳಿಯುತ್ತೆ. ಹೀಗಾಗಿ 5 ಇರುವ ಮನೆಯಲ್ಲಿ ಹಳೆಯ 4ರ ಆಟಗಳನ್ನೆಲ್ಲ ಮೊದಲು ಹೊರಗೆ ಸಾಗಿಸಿ. ಒಳಗಿನ ಜಾಗ ಹೊಸವಕ್ಕೆ ಇರಲಿ.

ಸಾಗಿಸೋದು ಸುಲಭ. ಪ್ಲೇಸ್ಟೇಷನ್ 5ರಲ್ಲಿ ‘ಸೆಟ್ಟಿಂಗ್ಸ್’, ‘ಸ್ಟೋರೇಜ್’, ‘ಕನ್ಸೋಲ್ ಸ್ಟೋರೇಜ್’, ‘ಗೇಮ್ಸ್ ಅಂಡ್ ಆಪ್ಸ್’ ಅಂತ ಹೋಗಿ, ‘ಸೆಲೆಕ್ಟ್ ಐಟಮ್ಸ್ ಟು ಮೂವ್’ ಒತ್ತಿ ಗುರುತು ಹಾಕಿದರೆ ಆಯ್ತು. ಸೇವ್‌ಗಳು ಇದರ ಜೊತೆ ಹೋಗೋಲ್ಲ, ಯಂತ್ರದಲ್ಲೇ ಉಳಿಯುತ್ತವೆ. ಅದು ನೆನಪಿರಲಿ. ಪ್ಲೇಸ್ಟೇಷನ್ 4 ಇರುವವರು ಒಳಗೆ ಒಂದಷ್ಟು ಜಾಗ ಯಾವತ್ತೂ ಖಾಲಿ ಬಿಡಿ. ಅಪ್‌ಡೇಟ್ ಮಾಡುವಾಗ ಅದು ಆಟವನ್ನು ಒಮ್ಮೆ ನಕಲು ಮಾಡಿಕೊಳ್ಳೋದರಿಂದ ಸಣ್ಣ ಅಪ್‌ಡೇಟ್‌ಗೂ ದೊಡ್ಡ ಜಾಗ ಕೇಳುತ್ತೆ.

ಡಿಸ್ಕನ್ನು ಹಾಗೇ ಸೆಳೆದು ಕೀಳಬಾರದು. ಮೆನುವಿನಲ್ಲಿ ಅದನ್ನು ನಿಲ್ಲಿಸಿ ಆಮೇಲೆ ತೆಗೆಯಬೇಕು. ಇನ್ನು ನಮ್ಮಂಥವರಿಗೆ ಮಲಗುವ ಮುನ್ನ ಎಲ್ಲಾ ಸ್ವಿಚ್ ಆರಿಸಿ ಬರುವ ಅಭ್ಯಾಸ. ಒಳ್ಳೆಯ ಅಭ್ಯಾಸವೇ, ಆದರೆ ಯಂತ್ರದಲ್ಲಿ ಕಿತ್ತಳೆ ಬಣ್ಣದ ದೀಪ ಇದ್ದರೆ ಅದು ಆರಿಲ್ಲ, ತೂಕಡಿಸುತ್ತಿದೆ ಅಂತ ಅರ್ಥ. ಆಗ ಸ್ವಿಚ್ ತೆಗೆದರೆ ಡಿಸ್ಕ್‌ಗೂ ಒಳಗಿನ ಸೇವ್‌ಗೂ ಪೆಟ್ಟು ಬೀಳಬಹುದು. ಪೂರ್ತಿ ಆಫ್ ಮಾಡಿಸಿ, ದೀಪ ಆರಿದ ಮೇಲೆ ಸ್ವಿಚ್ ತೆಗೆಯಿರಿ. ದಿನಾ ಸಂಜೆ ಕರೆಂಟ್ ಕೈಕೊಡುವ ಊರಾದರೆ ಆಟ ಸಾಗಿಸುವ ಕೆಲಸ ಬೆಳಗ್ಗೆಯೇ ಆಗಲಿ.

ಪ್ಲೇಸ್ಟೇಷನ್ 5ರ ಒಳಗೇ ಕೂರಿಸುವ ಎಂ.2 ಎಸ್‌ಎಸ್‌ಡಿ ಅಂತ ಒಂದು ಬರುತ್ತೆ. 2021ರ ಸೆಪ್ಟೆಂಬರ್‌ನಿಂದ ಆ ಅವಕಾಶ ಇದೆ. ಇದು ಅಟ್ಟವಲ್ಲ, ಅಡುಗೆ ಕಟ್ಟೆಯನ್ನೇ ಉದ್ದ ಮಾಡಿಸಿದಂತೆ. ಹೊಸ ಆಟಗಳನ್ನೂ ನೇರ ಅದರಿಂದಲೇ ಆಡಬಹುದು. ಆದರೆ ಬೆಲೆ ಹೆಚ್ಚು, ಬಿಸಿ ತಡೆಯುವ ಹೀಟ್‌ಸಿಂಕ್ ಬೇಕೇ ಬೇಕು, ಯಂತ್ರ ಬಿಚ್ಚಬೇಕು. ಎರಡು ಮೂರು ಆಟ ಮಾತ್ರ ಆಡುವ ಮನೆಗೆ ಇದರ ಅಗತ್ಯವಿಲ್ಲ ಅನ್ನೋದು ನನ್ನ ಅಭಿಪ್ರಾಯ.

ಹಳೇ ಯಂತ್ರ ಮಾರಿ ಹೊಸದು ತರುವವರು ಅವಸರ ಮಾಡಬೇಡಿ. ಎರಡನ್ನೂ ಒಂದೇ ವೈಫೈಗೆ ಜೋಡಿಸಿ ಹೊಸ ಪ್ಲೇಸ್ಟೇಷನ್ 5ರ ‘ಡೇಟಾ ಟ್ರಾನ್ಸ್‌ಫರ್’ ಮೂಲಕ ಆಟ, ಸೇವ್ ಎರಡನ್ನೂ ದಾಟಿಸಬಹುದು. 4ರ ಸೇವ್ ಅದೇ ಆಟದ 5ರ ಆವೃತ್ತಿಗೆ ಹೊಂದುತ್ತೋ ಇಲ್ಲವೋ ಅನ್ನೋದು ಆಯಾ ಆಟದ ಮೇಲಿದೆ. ಹಳೆಯದನ್ನು ಖಾಲಿ ಮಾಡಿ ಅಂಗಡಿಯವನ ಕೈಗೆ ಕೊಡುವ ಮುನ್ನ, ಮನೆಯ ಪ್ರತಿಯೊಂದು ಮಗುವಿನ ಕೈಲೂ ಹೊಸದರಲ್ಲಿ ಅವರವರ ಆಟ ಒಮ್ಮೆ ತೆರೆಸಿ ನೋಡಿ.