ಸಾಲದ ಮನೆಯ ನಿಜವಾದ ಬೆಲೆ

“ಮನೆ ಕಟ್ಟಿ ನೋಡು” ಎಂದ ಹಿರಿಯರು 20 ವರ್ಷಗಳ ಕಂತನ್ನು ಕಂಡವರಲ್ಲ. ಗೃಹಸಾಲಕ್ಕೆಂದು ಬ್ಯಾಂಕಿನ ಮೆಟ್ಟಿಲೇರುವ ದಂಪತಿಗಳು “ತಿಂಗಳಿಗೆ ಎಷ್ಟು?” ಎಂದು ಕೇಳುತ್ತಾರೆ, ಒಟ್ಟು ಎಷ್ಟೆಂದು ಕೇಳುವವರು ವಿರಳ.

ಶೇಕಡಾ 8.5ರ ಬಡ್ಡಿಯಲ್ಲಿ 20 ವರ್ಷಕ್ಕೆ 50 ಲಕ್ಷ ರೂಪಾಯಿ ಸಾಲ ಪಡೆದಿರೆಂದು ಭಾವಿಸೋಣ. ಮಾಸಿಕ ಕಂತು ಸುಮಾರು 43,391 ರೂ. ದರ ಬದಲಾಗದಿದ್ದರೂ ಕೊನೆಗೆ ತೆರುವ ಮೊತ್ತ 1 ಕೋಟಿ 4 ಲಕ್ಷವನ್ನು ಮೀರುತ್ತದೆ. ಮೊದಲನೆಯ ಕಂತಿನಲ್ಲಿ 35,417 ರೂ. ಬಡ್ಡಿಗೇ ಸಂದು, ಅಸಲಿಗೆ ಸೇರುವುದು 8 ಸಾವಿರಕ್ಕೂ ಕಡಿಮೆ! ಅಸಲಿನ ಅರ್ಧ ತೀರುವ ವೇಳೆಗೆ 14ನೆಯ ವರ್ಷ ಮುಗಿಯುತ್ತ ಬಂದಿರುತ್ತದೆ. ಗೃಹಪ್ರವೇಶದಂದು ತೊಟ್ಟಿಲಲ್ಲಿದ್ದ ಮಗು ಆಗ ಹೈಸ್ಕೂಲಿನಲ್ಲಿರುತ್ತದೆ.

ಆದುದರಿಂದ, ಬೋನಸ್ಸು ಕೈಸೇರಿದಾಗ ಆಭರಣದ ಅಂಗಡಿಗಿಂತ ಮೊದಲು ಬ್ಯಾಂಕಿನ ಕಡೆ ನಡೆಯಿರಿ. (ಗೃಹಿಣಿಯರು ಕ್ಷಮಿಸಬೇಕು.) ಮೊದಲ ವರ್ಷದ ಕೊನೆಗೆ 1 ಲಕ್ಷ ಹೆಚ್ಚಾಗಿ ಕಟ್ಟಿದರೆ ಕಡೆಯ 11 ಕಂತುಗಳು, ಅಂದರೆ ಸುಮಾರು 4 ಲಕ್ಷ 77 ಸಾವಿರ ರೂಪಾಯಿ, ಉಳಿಯುತ್ತವೆ. ಅದೇ ಲಕ್ಷವನ್ನು 15ನೆಯ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು ಮೂರೂವರೆ ಕಂತು ಮಾತ್ರ. ಬದಲಾಗುವ ಬಡ್ಡಿದರದ ಗೃಹಸಾಲವನ್ನು ಮುಂಚಿತವಾಗಿ ತೀರಿಸುವವರಿಂದ ದಂಡ ವಸೂಲು ಮಾಡಕೂಡದೆಂದು ರಿಸರ್ವ್ ಬ್ಯಾಂಕು 2012ರಲ್ಲಿಯೇ ಬ್ಯಾಂಕುಗಳಿಗೆ ಆದೇಶಿಸಿದೆ. ಹಣ ಕಟ್ಟುವಾಗ “ಕಂತು ಹಾಗೆಯೇ ಇರಲಿ, ಅವಧಿಯನ್ನು ಇಳಿಸಿ” ಎಂದು ಬರೆದುಕೊಡಲು ಮಾತ್ರ ಮರೆಯಬೇಡಿ.